ಒಂದೇ ಬಳ್ಳಿಯ ಕಾಯಿಗಳೇ ಕಿಮ್‌ಗಳು?

ಕೊರಿಯನ್ನರ ಹೆಸರಿನ ಬಗ್ಗೆ ನಮ್ಮಲ್ಲಿ ಎರಡು ಅಭಿಪ್ರಾಯಗಳು ಚಾಲ್ತಿಯಲ್ಲಿವೆ. ಒಂದು ಗೇಲಿಯದು. ಆ ದೇಶದಲ್ಲಿ ಹೆಸರಿಗೇ ಬರಗಾಲ, ಐದು ಕೋಟಿ ಜನ ಕಿಮ್, ಲೀ, ಪಾರ್ಕ್ ಎಂಬ ಮೂರನ್ನೇ ಹಂಚಿಕೊಂಡು ಹೇಗೋ ಕಾಲ ಹಾಕುತ್ತಿದ್ದಾರೆ ಎನ್ನುವುದು. ಇನ್ನೊಂದು ಭಕ್ತಿಯದು. ರಾತ್ರಿಯಿಡೀ ಕೊರಿಯನ್ ಧಾರಾವಾಹಿ ನೋಡುವವರಿಂದ ಹಿಡಿದು ವಾಟ್ಸ್‌ಆ್ಯಪ್‌ನಲ್ಲಿ ಚರಿತ್ರೆ ಹಂಚುವವರವರೆಗೆ ಇದು ಹಬ್ಬಿದೆ. ಅವರಿಗೂ ನಮ್ಮ ಹಾಗೆಯೇ ಗೋತ್ರ ಉಂಟು, ಸಗೋತ್ರದಲ್ಲಿ ಹೆಣ್ಣು ತರುವುದಿಲ್ಲ, ಪ್ರತಿ ಮನೆಯಲ್ಲೂ ಸಾವಿರಾರು ವರ್ಷಗಳ ವಂಶಾವಳಿ ಇದೆ, ಮದುವೆಯಾದ ಹೆಣ್ಣು ಕೂಡ ತವರಿನ ಹೆಸರು ಬಿಡುವುದಿಲ್ಲ. ಅಷ್ಟೇ ಏಕೆ, ಕಿಮ್‌ಗಳ ಮೂಲ ತಾಯಿ ನಮ್ಮ ಅಯೋಧ್ಯೆಯವಳು!

ಗೇಲಿ ಮಾಡುವವರೂ ಕೈಮುಗಿಯುವವರೂ ಎಡವಿರುವುದು ಒಂದೇ ಕಲ್ಲಿಗೆ. ಅಡ್ಡಹೆಸರು ಎಂದರೆ ರಕ್ತದ ಗುರುತು ಎಂದು ಇಬ್ಬರೂ ನಂಬಿದ್ದಾರೆ. ಆದ್ದರಿಂದಲೇ ಒಬ್ಬರಿಗೆ ಕೊರಿಯ ಒಂದು ದೊಡ್ಡ ಅವಿಭಕ್ತ ಕುಟುಂಬದಂತೆ ಕಾಣುತ್ತದೆ, ಇನ್ನೊಬ್ಬರಿಗೆ ಪುರಾತನ ವಂಶಗಳ ಸಂಗ್ರಹಾಲಯದಂತೆ. ಕೊರಿಯದ ಅಡ್ಡಹೆಸರು ಬಹುಪಾಲು ಹೇಳುವ ಕಥೆ ಇದಲ್ಲ ಎಂಬುದು ನನ್ನ ವಾದ. ಹೆಸರೇ ಇಲ್ಲದಿದ್ದ ಕೆಳಗಿನ ಜನ ಮೇಲಿನವರ ಹೆಸರನ್ನು ತಮ್ಮದಾಗಿಸಿಕೊಂಡ ಕಥೆ ಅದು. ಅದೂ ಪುರಾತನ ಕಾಲದ್ದಲ್ಲ, ಹೆಚ್ಚಿನ ಭಾಗ ಕಳೆದ ಮುನ್ನೂರು ವರ್ಷಗಳದ್ದು.

ಮೊದಲು ಬರಗಾಲದ ಮಾತು. 2015ರ ಜನಗಣತಿಯಲ್ಲಿ ದಕ್ಷಿಣ ಕೊರಿಯದ ಕಿಮ್‌ಗಳ ಸಂಖ್ಯೆ 1 ಕೋಟಿ 6 ಲಕ್ಷ ದಾಟಿತ್ತು. ಅಂದರೆ ನೂರಕ್ಕೆ 21.5 ಮಂದಿ. ಲೀಗಳು 14.7, ಪಾರ್ಕ್‌ಗಳು 8.4. ಮೂವರನ್ನು ಕೂಡಿಸಿದರೆ ಹೆಚ್ಚುಕಡಿಮೆ ಅರ್ಧ ದೇಶ. ಸೋಲ್‌ಗೆ ಹೋಗಿ ಕಿಮ್ ಅಳಿಯನನ್ನು ಹುಡುಕಿದ ಹಾಗೆ ಎಂಬ ಗಾದೆ ಕೊರಿಯನ್ನರಲ್ಲೇ ಇದೆ. ಆದರೆ ಈ ಅಂಕಿ ನೋಡಿ ಹೆಸರಿಗೆ ಬರ ಎನ್ನುವವರು ಹೆಸರಿನ ಕೆಲಸವನ್ನೆಲ್ಲ ಅಡ್ಡಹೆಸರಿನ ತಲೆಗೆ ಕಟ್ಟುತ್ತಿದ್ದಾರೆ. ಬಿಟಿಎಸ್ ಗಾಯನ ತಂಡದ ಏಳು ಮಂದಿಯಲ್ಲಿ ಮೂವರು ಕಿಮ್‌ಗಳು: ನಮ್-ಜೂನ್, ಸೊಕ್-ಜಿನ್, ಟೆ-ಹ್ಯಂಗ್. ಬೆಂಗಳೂರಿನ ಯಾವ ಹೈಸ್ಕೂಲು ಹುಡುಗಿಯೂ ಇವರನ್ನು ಅಣ್ಣತಮ್ಮಂದಿರೆಂದು ಭಾವಿಸಿಲ್ಲ, ಒಬ್ಬನನ್ನು ಇನ್ನೊಬ್ಬನೆಂದು ಗೊಂದಲ ಮಾಡಿಕೊಂಡಿಲ್ಲ. ಅಪ್ಪಂದಿರು ಹಾಸ್ಯ ಮಾಡುವಷ್ಟರಲ್ಲಿ ಮಕ್ಕಳು ಈ ವ್ಯವಸ್ಥೆಯ ಗುಟ್ಟು ಹಿಡಿದುಬಿಟ್ಟಿದ್ದಾರೆ.

ಗುರುತಿಸುವ ಕೆಲಸ ಅಲ್ಲಿ ಹಿಂದೆ ಬರುವ ಹೆಸರಿನದು. ಸಾಮಾನ್ಯವಾಗಿ ಮೊದಲು ಒಂದು ಅಕ್ಷರದ ಅಡ್ಡಹೆಸರು, ಆಮೇಲೆ ಎರಡು ಅಕ್ಷರದ ಸ್ವಂತ ಹೆಸರು. ಆ ಎರಡು ಅಕ್ಷರ ಒಂದೇ ಹೆಸರು. ಮೊದಲನೆಯದು ಅಂಕಿತನಾಮ, ಎರಡನೆಯದು ನಡುಹೆಸರು ಎಂದು ಹರಿದು ಹಂಚುವಂತಿಲ್ಲ. ಉತ್ತರ ಕೊರಿಯದ ನಾಯಕನನ್ನು ‘ಶ್ರೀ ಉನ್’ ಎಂದರೆ ಅರ್ಧ ಹೆಸರು ಹಿಡಿದು ಕರೆದ ಹಾಗೆ. ಅಡ್ಡಹೆಸರಿನಿಂದ ಯಾರನ್ನೂ ಗುರುತಿಸಲಾಗದು ಎಂಬುದಕ್ಕೆ ಕೊರಿಯದ ಪತ್ರಿಕೆಗಳೇ ಸಾಕ್ಷಿ. ಎಪ್ಪತ್ತರಿಂದ ತೊಂಬತ್ತರ ದಶಕದವರೆಗೆ ಅಲ್ಲಿನ ರಾಜಕೀಯವನ್ನು ಆಡಿಸಿದವರು ಮೂವರು ಕಿಮ್‌ಗಳು: ಕಿಮ್ ಯಂಗ್-ಸಾಮ್, ಕಿಮ್ ಡೆ-ಜಂಗ್, ಕಿಮ್ ಜೊಂಗ್-ಪಿಲ್. ತಲೆಬರಹದಲ್ಲಿ ಕಿಮ್ ಎಂದರೆ ಯಾರೆಂದು ತಿಳಿಯಬೇಕು? ಹಾಗಾಗಿ ವೈಎಸ್, ಡಿಜೆ, ಜೆಪಿ ಎಂದು ಇಂಗ್ಲಿಷ್ ಇನಿಷಿಯಲ್ಲುಗಳು ಬಂದವು. ಡಿವಿಜಿ, ಎಸ್.ಎಲ್.ಬಿ. ಎನ್ನುವ ನಮಗೆ ಇದು ಹೊಸದೇನಲ್ಲ.

ಸ್ವಂತ ಹೆಸರಿನೊಳಗೂ ಒಂದು ಹಳೆಯ ಕಟ್ಟುಪಾಡು ಇದೆ. ಒಂದೇ ತಲೆಮಾರಿನ ಅಣ್ಣತಮ್ಮಂದಿರು, ದೊಡ್ಡಪ್ಪ ಚಿಕ್ಕಪ್ಪಂದಿರ ಮಕ್ಕಳು ಎರಡರಲ್ಲಿ ಒಂದು ಅಕ್ಷರವನ್ನು ಹಂಚಿಕೊಳ್ಳುತ್ತಾರೆ. ನಮ್ಮ ರಸ್ತೆಗಳ ತುಂಬ ಓಡಾಡುವ ಹ್ಯುಂಡೈ ಕಾರಿನ ಮನೆತನವನ್ನೇ ನೋಡಿ. ಸ್ಥಾಪಕ ಚುಂಗ್ ಜು-ಯಂಗ್, ತಮ್ಮಂದಿರು ಇನ್-ಯಂಗ್, ಸೆ-ಯಂಗ್, ಸಾಂಗ್-ಯಂಗ್. ಅವರ ಮಕ್ಕಳ ತಲೆಮಾರಿಗೆ ಪಾಲಿನ ಅಕ್ಷರ ಮುಂದಕ್ಕೆ ಬಂತು: ಮೊಂಗ್-ಕೂ, ಮೊಂಗ್-ಹುನ್, ಮೊಂಗ್-ಜೂನ್. ಮೊಮ್ಮಕ್ಕಳಿಗೆ ಮತ್ತೆ ಹಿಂದಕ್ಕೆ: ಯುಯಿ-ಸುನ್, ಕಿ-ಸುನ್. ಅನೇಕ ಮನೆತನಗಳಲ್ಲಿ ಈ ಅಕ್ಷರಗಳನ್ನು ಹತ್ತಾರು ತಲೆಮಾರು ಮುಂಚೆಯೇ ನಿಗದಿ ಮಾಡಿಟ್ಟಿರುತ್ತಾರೆ. ಲೋಹ, ನೀರು, ಮರ, ಬೆಂಕಿ, ಮಣ್ಣು ಎಂಬ ಪಂಚತತ್ತ್ವಗಳ ಚಿಹ್ನೆ ಸರದಿಯಂತೆ ಚೀನೀ ಲಿಪಿಯ ಅಕ್ಷರಗಳಲ್ಲಿ ಅಡಗಿರುತ್ತದೆ. ವಯಸ್ಸಿನಲ್ಲಿ ಕಿರಿಯನಾದವನು ತಲೆಮಾರಿನ ಲೆಕ್ಕದಲ್ಲಿ ಚಿಕ್ಕಪ್ಪನಾಗಬೇಕಾದವನು ಎಂದು ಹೆಸರು ಕೇಳಿದೊಡನೆ ತಿಳಿಯುವ ಏರ್ಪಾಡು ಇದು. ಚುಂಗ್ ಜು-ಯಂಗ್‌ಗೆ ಒಬ್ಬಳು ಮಗಳೂ ಇದ್ದಳು. ಅವಳ ಹೆಸರು ಕ್ಯಂಗ್-ಹೀ. ಅದರಲ್ಲಿ ‘ಮೊಂಗ್’ ಇಲ್ಲ. ಈ ಸಂಗತಿಗೆ ಆಮೇಲೆ ಬರುತ್ತೇನೆ.

ಇನ್ನು ಗೋತ್ರ. ಕಿಮ್‌ಗಳೆಲ್ಲ ಒಂದೇ ಕಿಮ್‌ಗಳಲ್ಲ. ಅಡ್ಡಹೆಸರಿನ ಬೆನ್ನಿಗೆ ಬೊನ್‌ಗ್ವಾನ್ ಎಂಬ ಒಂದು ಊರು ಇರುತ್ತದೆ: ಗಿಮ್‌ಹೆ ಕಿಮ್, ಗ್ಯೊಂಗ್‌ಜು ಕಿಮ್, ಮಿರ್ಯಾಂಗ್ ಪಾರ್ಕ್, ಜೊಂಜು ಲೀ. ಗಿಮ್‌ಹೆಯವರು ಆಕಾಶದಿಂದಿಳಿದ ಚಿನ್ನದ ಮೊಟ್ಟೆಯಿಂದ ಹುಟ್ಟಿದ ಸುರೋ ರಾಜನ ಸಂತತಿ. ಗ್ಯೊಂಗ್‌ಜುವಿನವರು ಕಾಡಿನಲ್ಲಿ ಚಿನ್ನದ ಪೆಟ್ಟಿಗೆಯಲ್ಲಿ ಸಿಕ್ಕ ಅಲ್‌ಜಿ ಎಂಬ ಮಗುವಿನ ಸಂತತಿ. ಎರಡೂ ಐತಿಹ್ಯಗಳೇ. ಆದರೆ ಎರಡರ ನಡುವೆ ನಂಟಿಲ್ಲ ಎಂಬುದು ಕೊರಿಯನ್ನರ ಮಟ್ಟಿಗೆ ಗಟ್ಟಿ ಸಂಗತಿ. ಊರೂ ಒಂದೇ ಆಗಿ ಮೂಲ ಬೇರೆಯಾದದ್ದೂ ಉಂಟು. ಆಂಡೊಂಗ್ ಕಿಮ್ ಎಂಬ ಹೆಸರಿನಲ್ಲಿ ಹಳೆಯದು, ಹೊಸದು ಎಂದು ಎರಡು ಬೇರೆ ಬೇರೆ ವಂಶಗಳಿವೆ. ಬೊನ್‌ಗ್ವಾನ್ ಎಂದರೆ ಹುಟ್ಟೂರು ಎಂದುಕೊಳ್ಳಬೇಡಿ. ಗಿಮ್‌ಹೆ ಕಿಮ್ ಒಬ್ಬ ಗಿಮ್‌ಹೆ ಪಟ್ಟಣವನ್ನು ಜನ್ಮದಲ್ಲೇ ನೋಡಿರಬೇಕಿಲ್ಲ, ಅವನ ಮುತ್ತಜ್ಜನೂ ನೋಡಿರಬೇಕಿಲ್ಲ.

ಹೆಸರಿನಲ್ಲಿ ಕಾಣಿಸದೆ, ನಿತ್ಯದ ಬದುಕಿನಲ್ಲಿ ಕೇಳಿಸದೆ, ಮದುವೆ ಮಾತುಕತೆಯ ಹೊತ್ತಿಗೆ ಮಾತ್ರ ಮೇಲೆ ಬರುವ ಈ ಸಂಗತಿಗೆ ನಮ್ಮಲ್ಲಿ ಹತ್ತಿರದ್ದೇನಾದರೂ ಇದ್ದರೆ ಅದು ಋಷಿಗಳ ಹೆಸರಿನ ಗೋತ್ರಕ್ಕಿಂತ ಹಳೆ ಮೈಸೂರಿನ ಹಲವು ಸಮುದಾಯಗಳಲ್ಲಿರುವ ಬೆಡಗು. ‘ನಿಮ್ಮದು ಯಾವ ಬೆಡಗು’ ಎಂಬ ಪ್ರಶ್ನೆ ಬರುವುದು ಹೆಣ್ಣು ಕೇಳಲು ಹೋದಾಗಲೇ. ಆದರೂ ನಮ್ಮವರು ಹೋಲಿಸುವುದು ಗೋತ್ರಕ್ಕೇ. ಅದರ ಹಿಂದೆ ಒಂದು ಆಸೆ ಇದೆ: ಸಗೋತ್ರ ನಿಷೇಧ ವಿಶ್ವವ್ಯಾಪಿ, ಸನಾತನ, ವೈಜ್ಞಾನಿಕ ಎಂದು ಸಾಧಿಸುವ ಆಸೆ. ಕೊರಿಯದ ಚರಿತ್ರೆ ಈ ಆಸೆಗೆ ಸೊಪ್ಪು ಹಾಕುವುದಿಲ್ಲ.

918ರಿಂದ 1392ರವರೆಗೆ ಆಳಿದ ಗೊರ್ಯೊ ರಾಜವಂಶದಲ್ಲಿ ಅಣ್ಣತಂಗಿಯರ ಮದುವೆಯೇ ನಡೆಯುತ್ತಿತ್ತು. ಹತ್ತನೇ ಶತಮಾನದ ಗ್ವಾಂಗ್‌ಜೊಂಗ್ ದೊರೆಯ ಪಟ್ಟದ ರಾಣಿ ಅವನ ಮಲತಂಗಿ; ತಂದೆಯೊಬ್ಬ, ತಾಯಂದಿರು ಬೇರೆ. ಅವಳು ತಾಯಿಯ ಕಡೆಯ ಹ್ವಾಂಗ್‌ಬೊ ಹೆಸರು ಧರಿಸಿ ರಾಣಿಯಾದಳು. ಒಂದೇ ಅಡ್ಡಹೆಸರಿನ, ಒಂದೇ ಬೊನ್‌ಗ್ವಾನಿನ ಮದುವೆ ಪಾಪವಾದದ್ದು ಗೊರ್ಯೊ ನಂತರದ ಜೋಸನ್ ಕಾಲದ ಕನ್‌ಫ್ಯೂಷಿಯನ್ ಪಂಡಿತರು ಚೀನೀ ವಿಧಿಗಳನ್ನು ಬಿಗಿಮಾಡಿದ ಮೇಲೆ. ಅದು ಆಧುನಿಕ ಕಾನೂನಿನೊಳಗೆ ಬಂದು ಕೂತದ್ದು ಇನ್ನೂ ಈಚೆಗೆ. ಭಾರತ 1946ರಲ್ಲಿ ಶಾಸನ ಮಾಡಿ ಸಗೋತ್ರ ವಿವಾಹದ ಅಡ್ಡಿಯನ್ನು ತೆಗೆದುಹಾಕಿತು. ದಕ್ಷಿಣ ಕೊರಿಯ 1958ರಲ್ಲಿ ಅಂಗೀಕರಿಸಿದ ತನ್ನ ಸಿವಿಲ್ ಸಂಹಿತೆಯ 809ನೇ ಕಲಮಿನಲ್ಲಿ ಅದೇ ಬಗೆಯ ಅಡ್ಡಿಯನ್ನು ಬರೆದಿಟ್ಟಿತು. ಹಿಂದೂ ಧರ್ಮಶಾಸ್ತ್ರದ ನೆಲ ಕೈಬಿಟ್ಟದ್ದನ್ನು ಗಗನಚುಂಬಿ ಕಟ್ಟಡಗಳ ದೇಶ ಅರ್ಧ ಶತಮಾನ ಹಿಡಿದುಕೊಂಡಿತ್ತು.

ಇದರ ಪೆಟ್ಟು ತಿಂದವರು ಯಾರು? 2015ರಲ್ಲಿ ಗಿಮ್‌ಹೆ ಕಿಮ್‌ಗಳು ಸುಮಾರು 44 ಲಕ್ಷ, ಮಿರ್ಯಾಂಗ್ ಪಾರ್ಕ್‌ಗಳು 31 ಲಕ್ಷ, ಜೊಂಜು ಲೀಗಳು 26 ಲಕ್ಷ. ಇಷ್ಟು ದೊಡ್ಡ ಗುಂಪಿನ ಒಳಗೆ ಪ್ರೀತಿ ಹುಟ್ಟುವುದು ಅಪರೂಪವೇನಲ್ಲ. ಬೂಸಾನಿನ ಹುಡುಗ, ಸೋಲ್‌ನ ಹುಡುಗಿ. ಇಪ್ಪತ್ತು ಮೂವತ್ತು ತಲೆಮಾರು ಹಿಂದೆ ಒಬ್ಬ ಅಜ್ಜನಿದ್ದ ಎಂಬ ಕಾಗದದ ಮೇಲಿನ ಮಾತಿಗಾಗಿ ಅವರ ಮದುವೆಯ ನೋಂದಣಿ ಇಲ್ಲ, ಮಕ್ಕಳು ದಾಖಲೆಯಲ್ಲಿ ವಿವಾಹಬಾಹಿರ. ತಾಯಿಯ ಕಡೆಯ ರಕ್ತ ಈ ಲೆಕ್ಕದೊಳಗೆ ಬರುತ್ತಲೇ ಇರಲಿಲ್ಲ. ಸರ್ಕಾರ 1978, 1988, 1996ರಲ್ಲಿ ಒಂದೊಂದು ವರ್ಷ ಬಾಗಿಲು ತೆರೆದು ಇಂಥ ಜೋಡಿಗಳಿಗೆ ನೋಂದಾಯಿಸಲು ಬಿಟ್ಟಿತು. ಮೂರು ಸಲಕ್ಕೆ ನಲವತ್ತು ಸಾವಿರಕ್ಕೂ ಹೆಚ್ಚು ಜೋಡಿಗಳು ಬಂದು ನಿಂತವು. 1997ರ ಜುಲೈಯಲ್ಲಿ ಸಂವಿಧಾನ ನ್ಯಾಯಾಲಯ ಈ ಕಲಮು ಮನುಷ್ಯನ ಘನತೆಗೂ ಗಂಡುಹೆಣ್ಣಿನ ಸಮಾನತೆಗೂ ಒಗ್ಗದು ಎಂದಿತು. 2005ರಲ್ಲಿ ಶಾಸನ ತಿದ್ದುಪಡಿಯಾಗಿ, ನಿಷೇಧ ತಂದೆತಾಯಿ ಎರಡೂ ಕಡೆಯ ಹತ್ತಿರದ ರಕ್ತಸಂಬಂಧಿಗಳಿಗೆ ಸೀಮಿತವಾಯಿತು. ಅದಕ್ಕೆ ಅಡ್ಡಗಾಲು ಹಾಕಿದವರು ಕನ್‌ಫ್ಯೂಷಿಯನ್ ಸಂಘಟನೆಗಳ ಹಿರಿಯರು. ಅವರ ವಾದ, ಐದು ಸಾವಿರ ವರ್ಷದ ಸಂಸ್ಕೃತಿ.

ಐದು ಸಾವಿರ ವರ್ಷವಂತೂ ಇಲ್ಲ. ಐನೂರು ವರ್ಷದ ಹಿಂದೆಯೂ ಈಗಿನ ಸ್ಥಿತಿ ಇರಲಿಲ್ಲ. ಭಕ್ತಿಯ ಅಭಿಪ್ರಾಯ ಪೂರಾ ಕುಸಿಯುವುದು ಇಲ್ಲಿಯೇ.

ಚೀನೀ ಮಾದರಿಯ ಅಡ್ಡಹೆಸರು ಕೊರಿಯದಲ್ಲಿ ಮೊದಲು ಅರಸರ, ಮಂತ್ರಿಗಳ ಸೊತ್ತು. ಗೊರ್ಯೊ ರಾಜ್ಯ ಸ್ಥಾಪಿಸಿದ ವಾಂಗ್ ಗೊನ್ ತನ್ನ ಕಡೆ ಬಂದ ಪಾಳೆಯಗಾರರಿಗೆ ಊರಿನ ಜೊತೆ ಅಡ್ಡಹೆಸರನ್ನೂ ದಯಪಾಲಿಸಿದ; ಬೊನ್‌ಗ್ವಾನ್ ಪದ್ಧತಿ ಬೇರು ಬಿಟ್ಟದ್ದು ಹೀಗೆ. 1055ರಲ್ಲಿ, ವಂಶದ ಹೆಸರು ದಾಖಲಾಗದವರು ಸರ್ಕಾರಿ ಪರೀಕ್ಷೆಗೆ ಕೂರುವಂತಿಲ್ಲ ಎಂಬ ನಿಯಮ ಬಂತು. ಅಡ್ಡಹೆಸರು ಎಂದರೆ ಅಧಿಕಾರದ ಬಾಗಿಲಿನ ಚೀಟಿ ಎಂದಾಯಿತು. ಬಾಗಿಲ ಹೊರಗಿದ್ದವರಿಗೆ ಅದರ ಅಗತ್ಯವೂ ಇರಲಿಲ್ಲ, ಅವಕಾಶವೂ ಇರಲಿಲ್ಲ. ಅವರಲ್ಲಿ ದೊಡ್ಡ ಪಾಲು ನೊಬಿಗಳು, ಅಂದರೆ ಕೊಳ್ಳಬಹುದಾದ, ಮಾರಬಹುದಾದ, ಆಸ್ತಿಪತ್ರದಲ್ಲಿ ಎತ್ತಿನ ಸಾಲಿನಲ್ಲಿ ಬರೆಯಬಹುದಾದ ಗುಲಾಮರು. ಅವರನ್ನು ಕರೆಯಲು ನಾಯಿಮರಿ, ಕಲ್ಲು ಎಂಬಂಥ ಒಂದು ಕೂಗು ಸಾಕಿತ್ತು.

ಡೇಗು ಪ್ರಾಂತದ ಮನೆಪಟ್ಟಿಯನ್ನು ಜಪಾನಿ ವಿದ್ವಾಂಸ ಶಿಕಾತಾ ಹಿರೋಶಿ ಎಣಿಸಿ ನೋಡಿದ. ಕೊರಿಯದ ಸಾಮಾಜಿಕ ಚರಿತ್ರೆಯಲ್ಲಿ ಇಷ್ಟು ಉಲ್ಲೇಖಗೊಂಡ ಲೆಕ್ಕ ಇನ್ನೊಂದು ಇರಲಾರದು. 1690ರಲ್ಲಿ ಅಲ್ಲಿ ನೂರಕ್ಕೆ ಒಂಬತ್ತು ಮನೆಗಳು ಯಾಂಗ್‌ಬಾನ್ ಎಂಬ ಕುಲೀನರವು, ಮೂವತ್ತೇಳು ನೊಬಿಗಳವು. 1858ರ ಹೊತ್ತಿಗೆ ಯಾಂಗ್‌ಬಾನ್ ಮನೆಗಳು ಎಪ್ಪತ್ತು, ನೊಬಿ ಮನೆಗಳು ಎರಡಕ್ಕೂ ಕಡಿಮೆ. ಪಟ್ಟಿಯಲ್ಲಿ ‘ವಿದ್ಯಾರ್ಥಿ’ ಎಂದು ಬರೆಸಿಕೊಂಡವರನ್ನೆಲ್ಲ ಕುಲೀನರೆಂದು ಎಣಿಸಿದ್ದು ಸರಿಯೇ ಎಂದು ಆಮೇಲಿನವರು ತಕರಾರು ತೆಗೆದರು. ತಕರಾರು ನ್ಯಾಯವಾದದ್ದೇ. ಆದರೆ ಅದು ನನ್ನ ಮಾತನ್ನು ಬಲಪಡಿಸುತ್ತದೆಯೇ ಹೊರತು ಕೆಡಿಸುವುದಿಲ್ಲ. ಬರೆಸಿಕೊಂಡವರೆಲ್ಲ ಕುಲೀನರಲ್ಲ, ಬರೆಸಿಕೊಳ್ಳುವ ದಾರಿ ಕಂಡುಕೊಂಡವರು.

ದಾರಿಗಳು ಹಲವಿದ್ದವು. 1592ರಲ್ಲಿ ಜಪಾನಿನ ಸೈನ್ಯ ನುಗ್ಗಿದ ಮೇಲೆ ಬೊಕ್ಕಸ ಬರಿದಾಗಿ, ರಾಜ್ಯವೇ ಹೆಸರಿನ ಜಾಗ ಖಾಲಿ ಬಿಟ್ಟ ಪದವಿಪತ್ರಗಳನ್ನು ಮಾರತೊಡಗಿತು. ಧಾನ್ಯ ಅಳೆದುಕೊಟ್ಟವನು ತನ್ನ ಹೆಸರು ತುಂಬಿಕೊಳ್ಳಬಹುದಿತ್ತು. ದಂಗೆ, ಯುದ್ಧಗಳಲ್ಲಿ ಗುಲಾಮರ ದಾಖಲೆಗಳು ಸುಟ್ಟುಹೋದವು. ಹಲವರು ಓಡಿಹೋದರು. ಬಡವಾದ ಕುಲೀನರು ತಮ್ಮ ವಂಶಾವಳಿ ಗ್ರಂಥದಲ್ಲಿ, ಅಂದರೆ ಜೋಕ್‌ಬೊದಲ್ಲಿ, ಸಂತಾನವಿಲ್ಲದೆ ಸತ್ತ ಯಾವನೋ ದೊಡ್ಡಪ್ಪನ ಕೆಳಗೆ ಹೊಸ ಮಗನನ್ನು ಸೇರಿಸಿ ಹಣ ಎಣಿಸಿಕೊಂಡರು. ಹದಿನೆಂಟನೇ ಶತಮಾನದ ಲೇಖಕ ಪಾರ್ಕ್ ಜಿ-ವೊನ್ ಬರೆದ ‘ಯಾಂಗ್‌ಬಾನ್‌ಜೊನ್’ ಕಥೆಯ ವಸ್ತುವೇ ಇದು: ಸರ್ಕಾರಿ ಕಣಜದ ಸಾಲ ತೀರಿಸಲಾಗದ ಕುಲೀನನೊಬ್ಬ ತನ್ನ ಅಂತಸ್ತನ್ನು ಊರಿನ ಹಣವಂತನಿಗೆ ಮಾರುತ್ತಾನೆ. ಕುಲೀನನೆಂದರೆ ಏನೇನು ಮಾಡಬೇಕು, ಏನೇನು ಕಿತ್ತುಕೊಳ್ಳಬಹುದು ಎಂದು ಕರಾರುಪತ್ರ ಓದಿಸಿದಾಗ ಕೊಂಡವನೇ ಗಾಬರಿಬಿದ್ದು ಓಡಿಹೋಗುತ್ತಾನೆ. ಕಥೆಯ ಹಣವಂತ ಓಡಿದ. ಕಥೆಯ ಹೊರಗಿನವರು ಓಡಲಿಲ್ಲ.

1801ರಲ್ಲಿ ಸರ್ಕಾರಿ ಗುಲಾಮರ ಬಿಡುಗಡೆ, 1894ರಲ್ಲಿ ಗುಲಾಮಗಿರಿಯ ರದ್ದತಿ. 1909ರಲ್ಲಿ, ಜಪಾನ್ ದೇಶವನ್ನು ಪೂರ್ತಿ ನುಂಗುವ ಒಂದು ವರ್ಷ ಮುಂಚೆ, ಜನರ ನೋಂದಣಿ ಕಾನೂನು ಬಂದು ಎಲ್ಲರಿಗೂ ಅಡ್ಡಹೆಸರು ಬೇಕೆಂದಾಯಿತು. ಇರದವರು ಯಾವುದನ್ನು ತೆಗೆದುಕೊಂಡಾರು? ಕೆಲವರು ಒಡೆಯನದು, ಕೆಲವರು ಊರಿನ ದೊಡ್ಡ ಮನೆತನದ್ದು. ಹೊಸ ಹೆಸರು ಕಟ್ಟಿಕೊಳ್ಳುವುದು ಮೂರ್ಖತನವಾಗುತ್ತಿತ್ತು. ಯಾರೂ ಕೇಳರಿಯದ ಅಡ್ಡಹೆಸರು ನೆನ್ನೆಯವರೆಗೆ ಇವನಿಗೆ ಹೆಸರಿರಲಿಲ್ಲ ಎಂದು ಸಾರುತ್ತದೆ. ಸಣ್ಣ ವಂಶಕ್ಕೆ ನುಸುಳುವುದೂ ಅಪಾಯವೇ, ಐನೂರು ಮಂದಿಯ ನಡುವೆ ಹೊಸಬ ಸಿಕ್ಕಿಬೀಳುತ್ತಾನೆ. ಲಕ್ಷಾಂತರ ಕಿಮ್‌ಗಳ ನಡುವೆ ಇನ್ನೊಬ್ಬ ಕಿಮ್‌ನನ್ನು ಯಾರು ಕೇಳುತ್ತಾರೆ? ದೊಡ್ಡದು ಇನ್ನಷ್ಟು ದೊಡ್ಡದಾದದ್ದು ಹೀಗೆ. ಕೊರಿಯದಲ್ಲಿ ಅಡ್ಡಹೆಸರು ಕೆಲವೇ ಇರುವುದಕ್ಕೆ ಕಾರಣ ಕಲ್ಪನೆಯ ಬಡತನ ಎಂದು ನಗುವವರು ಇಲ್ಲಿ ಎಷ್ಟು ಲೆಕ್ಕಾಚಾರ ಇದೆ ಎಂದು ನೋಡಬೇಕು.

ಇವತ್ತು ಕೊರಿಯದಲ್ಲಿ ಯಾರನ್ನೇ ಕೇಳಿ, ತನ್ನ ಪೂರ್ವಜ ರಾಜ, ಸೇನಾನಿ ಅಥವಾ ವಿದ್ವಾಂಸ. ಗುಲಾಮನ ಮರಿಮಗ ಎನ್ನುವವನು ಸಿಗುವುದಿಲ್ಲ. ಮೂರನೇ ಒಂದು ಭಾಗದಷ್ಟಿದ್ದ ಆ ಜನ ಸಂತಾನವಿಲ್ಲದೆ ಅಳಿದುಹೋದರೆ? ಇಲ್ಲ. ಅವರೂ ಚಿನ್ನದ ಮೊಟ್ಟೆಯಿಂದ ಹುಟ್ಟಿದರು, ಅಷ್ಟೇ.

ಜೋಕ್‌ಬೊ ಇದೆಯಲ್ಲ, ಅದು ಲಿಖಿತ ದಾಖಲೆಯಲ್ಲವೇ ಎಂಬ ಆಕ್ಷೇಪ ಬರುತ್ತದೆ. ಇದೆ, ಮತ್ತು ಕೆಲವು ನಿಜಕ್ಕೂ ಹಳೆಯವು. ಉಳಿದುಬಂದವುಗಳಲ್ಲಿ ಅತಿ ಹಳೆಯದು ಆಂಡೊಂಗ್ ಕ್ವೊನ್ ಮನೆತನದ್ದು, 1476ರದು. ಅದನ್ನು ಬಿಡಿಸಿ ನೋಡಿದರೆ ಅದರೊಳಗಿನ ಬಹುಪಾಲು ಮಂದಿ ಕ್ವೊನ್‌ಗಳೇ ಅಲ್ಲ! ಗಂಡುಮಕ್ಕಳನ್ನು ಮೊದಲು, ಹೆಣ್ಣುಮಕ್ಕಳನ್ನು ಆಮೇಲೆ ಎಂದು ಬೇರ್ಪಡಿಸದೆ ಹುಟ್ಟಿದ ಕ್ರಮದಲ್ಲಿ ಬರೆದಿದ್ದಾರೆ. ಮಗಳ ಮಕ್ಕಳು, ಅವರ ಮಕ್ಕಳು ಎಂದು ಹೆಣ್ಣಿನ ಕಡೆಯ ಸಂತತಿಯನ್ನೂ ಹಿಂಬಾಲಿಸಿದ್ದಾರೆ. ವಿಧವೆಯಾಗಿ ಮರುಮದುವೆಯಾದ ಮಗಳ ಎರಡನೇ ಗಂಡನಿಗೂ ಅಲ್ಲಿ ಜಾಗವಿದೆ. ಗಂಡಿನಿಂದ ಗಂಡಿಗೆ ಇಳಿಯುವ ಒಂದೇ ಗೆರೆ, ಅದೇ ವಂಶ ಎಂಬ ಕಲ್ಪನೆ ಗಟ್ಟಿಯಾದದ್ದು ಇದಾದ ಎರಡು ಶತಮಾನಗಳ ಮೇಲೆ. ಸನಾತನವೆಂದು ತೋರಿಸುವ ಗ್ರಂಥವೇ ಅದು ಸನಾತನವಲ್ಲ ಎನ್ನುತ್ತಿದೆ.

ನಮ್ಮ ಓದುಗರು ಇಲ್ಲಿ ಎಂ.ಎನ್. ಶ್ರೀನಿವಾಸರನ್ನು ನೆನೆಯುತ್ತಾರೆ. ಮೈಸೂರಿನಲ್ಲಿ ಹುಟ್ಟಿದ ಆ ಸಮಾಜವಿಜ್ಞಾನಿ ಕೊಡಗರನ್ನು ಕುರಿತ 1952ರ ಪುಸ್ತಕದಲ್ಲಿ ಸಂಸ್ಕೃತೀಕರಣ ಎಂದು ಕರೆದದ್ದು ಇದನ್ನೇ ಅಲ್ಲವೇ? ಆಸೆ ಒಂದೇ, ಫಲ ಬೇರೆ. ಇಲ್ಲಿ ಒಂದು ಜಾತಿ ಮೇಲಿನವರ ಆಚಾರ ಹಿಡಿದು ಒಟ್ಟಾಗಿ ಒಂದು ಮೆಟ್ಟಿಲು ಏರಲು ನೋಡುತ್ತದೆ. ಏರಿದ ಮೇಲೂ ಅದು ಬೇರೆಯದೇ ಜಾತಿ. ಅಲ್ಲಿ ಒಬ್ಬೊಬ್ಬನೂ ಒಬ್ಬೊಬ್ಬಳೂ ನೇರ ಮೇಲಿನವರ ಹೆಸರಿನೊಳಗೇ ಹೋಗಿ ಕಣ್ಮರೆಯಾದರು. ನಮ್ಮಲ್ಲಿ ಜಾತಿಯಿಂದ ತಪ್ಪಿಸಿಕೊಳ್ಳಬೇಕೆಂದವರು ಅಡ್ಡಹೆಸರನ್ನು ಬಿಟ್ಟರು. ಕೊರಿಯನ್ನರು ಎಲ್ಲರೂ ಮೇಲಿನವರ ಅಡ್ಡಹೆಸರನ್ನೇ ಹಾಕಿಕೊಂಡು ಅದರ ಹಲ್ಲು ಕಿತ್ತರು. ಕಿಮ್ ಎಂದಾಗ ಮುಂದಿರುವವನು ಒಡೆಯನ ಮೊಮ್ಮಗನೋ ಆಳಿನ ಮೊಮ್ಮಗನೋ ಈಗ ಯಾರಿಗೂ ಗೊತ್ತಾಗುವುದಿಲ್ಲ. ಒಂದು ಹೆಸರು ಮಾಡಬಹುದಾದ ಉಪಕಾರಗಳಲ್ಲಿ ಇದಕ್ಕಿಂತ ದೊಡ್ಡದು ನನಗೆ ತೋಚುತ್ತಿಲ್ಲ.

ಹಾಗೆಂದು ಇದು ಸಮಾನತೆಯ ಕಥೆಯೇನಲ್ಲ. ಒಳಗೆ ಬಂದವರು ಯಾಂಗ್‌ಬಾನ್ ಮೌಲ್ಯಗಳನ್ನು ಯಾಂಗ್‌ಬಾನರಿಗಿಂತ ಬಿಗಿಯಾಗಿ ಹಿಡಿದರು. ತಮ್ಮದಲ್ಲದ ಅಜ್ಜಂದಿರಿಗೆ ಎಡೆ ಇಟ್ಟರು. ಬೆಲೆ ತೆತ್ತವರು ಹೆಂಗಸರು.

ಮದುವೆಯಾದರೂ ಕೊರಿಯದ ಹೆಣ್ಣು ಹೆಸರು ಬದಲಿಸುವುದಿಲ್ಲ ಎಂಬುದನ್ನು ನಮ್ಮ ಪ್ರಗತಿಪರರು ಮೆಚ್ಚಿ ಹೇಳುತ್ತಾರೆ.

ಅದರ ಮೂಲ ಮೆಚ್ಚುವಂಥದ್ದಲ್ಲ. ಸೊಸೆ ಪರರಕ್ತ, ಗಂಡನ ವಂಶದ ಹೆಸರು ಅವಳಿಗೆ ಸಲ್ಲದು, ಆದ್ದರಿಂದ ಅವಳು ಸಾಯುವವರೆಗೂ ತಂದೆಯ ಹೆಸರಿನವಳು. ಜೋಕ್‌ಬೊದಲ್ಲಿ ಸೊಸೆಯನ್ನು ಇಂಥ ಊರಿನ ಇಂಥ ಮನೆತನದವಳು ಎಂದಷ್ಟೇ ಬರೆದರು; ಮಗಳ ಜಾಗದಲ್ಲಿ ಅಳಿಯನ ಹೆಸರು ಬರೆದರು. ಎರಡು ಕಡೆಯೂ ಅವಳ ಸ್ವಂತ ಹೆಸರಿಲ್ಲ. ಕೊರಿಯದ 50 ಸಾವಿರ ವೊನ್ ನೋಟಿನ ಮೇಲಿರುವ ಹದಿನಾರನೇ ಶತಮಾನದ ಕಲಾವಿದೆ ಶಿನ್ ಸೈಮ್‌ದಾಂಗ್‌ಳ ಹೆಸರಿನಲ್ಲಿ ಸೈಮ್‌ದಾಂಗ್ ಎಂಬುದು ಅವಳ ಕಾವ್ಯನಾಮ. ತಾಯಿ ಇಟ್ಟ ಹೆಸರು ಏನೆಂಬುದಕ್ಕೆ ನಂಬಬಹುದಾದ ಆಧಾರ ಉಳಿದಿಲ್ಲ. ಚುಂಗ್ ಮನೆತನದ ಮಗಳಿಗೆ ತಲೆಮಾರಿನ ಅಕ್ಷರ ದಕ್ಕದ್ದೂ ಇದೇ ಕಾರಣಕ್ಕೆ. ವಂಶದ ಗೆರೆ ಅವಳ ಮೂಲಕ ಹರಿಯುವುದಿಲ್ಲ.

ಕೊರಿಯದ ಹೆಂಡತಿಯರು ಕಾನೂನಿನಲ್ಲಿ ಗಂಡನ ಹೆಸರಿಗೆ ಬಂದ ಕಾಲ ಒಂದೇ ಒಂದು. ಅದನ್ನು ತಂದದ್ದು ಜಪಾನಿ ಆಡಳಿತ. 1940ರ ಫೆಬ್ರುವರಿ 11ರಿಂದ ಆರು ತಿಂಗಳೊಳಗೆ ಪ್ರತಿ ಮನೆಯೂ ಜಪಾನಿ ಬಗೆಯ ಕುಟುಂಬನಾಮ ನೋಂದಾಯಿಸಬೇಕೆಂದು ಆಜ್ಞೆಯಾಯಿತು. ಹೆಸರಿಗೆ ಐಚ್ಛಿಕ, ನಡೆದದ್ದು ಒತ್ತಾಯ. ನೂರಕ್ಕೆ ಸುಮಾರು 80 ಮನೆಗಳು ಸಹಿ ಹಾಕಿದವು. ಹಾಕದವರ ಮನೆಯಲ್ಲಿ ಯಜಮಾನನ ಅಡ್ಡಹೆಸರೇ ಎಲ್ಲರ ಕುಟುಂಬನಾಮವೆಂದು ಬರೆಯಲಾಯಿತು, ಹೆಂಡತಿಯದೂ ಸೇರಿ. ಕಿಮ್‌ಗಳಲ್ಲಿ ಹಲವರು ಚಿನ್ನ ಎಂಬ ಅರ್ಥದ ತಮ್ಮ ಅಕ್ಷರ ಉಳಿಸಿಕೊಂಡು ಕಾನೆಮೊಟೊ, ಕಾನೆಯಾಮಾ ಆದರು. ಕವಿ ಯುನ್ ಡೊಂಗ್-ಜು ಜಪಾನಿನಲ್ಲಿ ಓದಲು ಹೋಗಬೇಕಾಗಿ 1942ರ ಜನವರಿಯಲ್ಲಿ ಹಿರಾನುಮಾ ಎಂದು ಸಹಿ ಮಾಡಿದ. ಅದಕ್ಕೆ ಐದು ದಿನ ಮುಂಚೆ ಬರೆದ ಪಶ್ಚಾತ್ತಾಪದ ಕವಿತೆ ಉಳಿದಿದೆ. ಅವನು 1945ರಲ್ಲಿ ಫುಕುವೊಕಾ ಜೈಲಿನಲ್ಲಿ ಸತ್ತ. 1946ರಲ್ಲಿ ಹಳೆಯ ಹೆಸರುಗಳನ್ನು ಮರಳಿಸುವ ಆಜ್ಞೆ ಬಂತು. ಅಡ್ಡಹೆಸರು ಎಷ್ಟೇ ಈಚಿನದಾಗಿರಲಿ, ಕಿತ್ತುಕೊಳ್ಳಲು ಬಂದಾಗ ಅದು ಪ್ರಾಣದಷ್ಟು ಸ್ವಂತದ್ದಾಗಿತ್ತು. ಎರಡು ತಲೆಮಾರಿನ ಹೆಸರಿಗಾಗಿ ಮರುಗಿದವರನ್ನು ಹುಸಿ ಎಂದು ನಾನು ಹೇಳಲಾರೆ.

ಹೆಂಗಸರ ಮಾತಿಗೆ ಮರಳಿದರೆ, 1997ರಲ್ಲಿ ಸ್ತ್ರೀವಾದಿಗಳು ತಂದೆತಾಯಿ ಇಬ್ಬರ ಅಡ್ಡಹೆಸರನ್ನೂ ಜೋಡಿಸಿ ಬಳಸುವ ಚಳವಳಿ ಆರಂಭಿಸಿದರು. 2005ರಲ್ಲಿ ಸಂವಿಧಾನ ನ್ಯಾಯಾಲಯ ಮನೆಯ ಯಜಮಾನಿಕೆ ಗಂಡಿಗೆ ಮಾತ್ರ ಇಳಿಯುವ ವ್ಯವಸ್ಥೆಯನ್ನು ತಳ್ಳಿಹಾಕಿತು. 2008ರಿಂದ ಮಗುವಿಗೆ ತಾಯಿಯ ಅಡ್ಡಹೆಸರು ಕೊಡಬಹುದು. ಆದರೆ ಹಾಗೆಂದು ಮದುವೆ ನೋಂದಾಯಿಸುವ ಹೊತ್ತಿಗೇ ಒಪ್ಪಂದ ಮಾಡಿಕೊಳ್ಳಬೇಕು. ಮಗುವಿನ ಮಾತೇ ಇಲ್ಲದ ದಿನ ಅದರ ಹೆಸರಿನ ಜಗಳ ಮುಗಿಸಿರಬೇಕು! ‘ಸ್ಕ್ವಿಡ್ ಗೇಮ್’ ನೋಡಿದವರಿಗೆ ಜಿ-ಯಂಗ್ ಎಂಬ ಹುಡುಗಿ ನೆನಪಿರಬಹುದು. ಅಪ್ಪನಿಂದ ನರಕ ಕಂಡ ಅವಳು ತನಗೆ ಅಡ್ಡಹೆಸರೇ ಇಲ್ಲ ಎನ್ನುತ್ತಾಳೆ. ಅದು ಅನಾಥೆಯ ಮಾತಲ್ಲ, ತಂದೆಯ ಹೆಸರಿನ ನಿರಾಕರಣೆ.

ಅಯೋಧ್ಯೆಯ ಕಥೆಗೆ ಹೆಚ್ಚು ಜಾಗ ಬೇಡ. ಅಯುತಾ ಎಂಬ ನಾಡಿನ ರಾಜಕುಮಾರಿ ಹೊ ಹ್ವಾಂಗ್-ಓಕ್ ಕ್ರಿ.ಶ. 48ರಲ್ಲಿ ಹಡಗಿನಲ್ಲಿ ಬಂದು ಸುರೋ ರಾಜನನ್ನು ವರಿಸಿದಳು ಎಂದು ಹೇಳುವುದು ಹದಿಮೂರನೇ ಶತಮಾನದಲ್ಲಿ ಇರ್‍ಯೊನ್ ಎಂಬ ಬೌದ್ಧ ಭಿಕ್ಷು ಬರೆದ ‘ಸಾಮ್‌ಗುಕ್ ಯುಸಾ’. ಘಟನೆಗೂ ಬರಹಕ್ಕೂ ನಡುವೆ ಸಾವಿರದ ಇನ್ನೂರು ವರ್ಷ. 2018ರಲ್ಲಿ ಕೊರಿಯದ ಅಧ್ಯಕ್ಷರ ಪತ್ನಿ ಅಯೋಧ್ಯೆಗೆ ಬಂದದ್ದು ರಾಜತಾಂತ್ರಿಕ ಸೌಜನ್ಯ, ಅದರಿಂದ ಲಕ್ಷಾಂತರ ಕಿಮ್‌ಗಳ ಮೈಯಲ್ಲಿ ಸರಯೂ ಹರಿಯುವುದಿಲ್ಲ. ಐತಿಹ್ಯದಲ್ಲಿ ನನಗೆ ರುಚಿಸುವುದು ಬೇರೆ ಭಾಗ: ರಾಣಿ ಕೇಳಿಕೊಂಡದ್ದಕ್ಕೆ ಇಬ್ಬರು ಗಂಡುಮಕ್ಕಳು ತಾಯಿಯ ಹೊ ಹೆಸರನ್ನು ಪಡೆದರಂತೆ. ಗಿಮ್‌ಹೆಯ ಕಿಮ್‌ಗಳೂ ಹೊ ಮನೆತನದವರೂ ಪರಸ್ಪರ ಹೆಣ್ಣು ಕೊಟ್ಟು ತರದಿರುವುದು ಈ ಕಾರಣಕ್ಕೆ. ತಾಯಿಯ ಹೆಸರು ಅಲ್ಲಿನ ಸಂಪ್ರದಾಯಕ್ಕೆ ಹೊರತು ಎನ್ನುವವರು ತಮ್ಮದೇ ಮೂಲಕಥೆಯನ್ನು ಪೂರ್ತಿ ಓದಿಲ್ಲ.

ಅಡ್ಡಹೆಸರು ಹಲ್ಲು ಕಳೆದುಕೊಂಡ ಮೇಲೆ ಮೇಲುಕೀಳು ಎಲ್ಲಿ ಹೋಯಿತು? ಹುದ್ದೆಗೆ ಹೋಯಿತು. ಕಚೇರಿಯಲ್ಲಿ ಕಿಮ್ ಗ್ವಾಜಾಂಗ್, ಕಿಮ್ ಬುಜಾಂಗ್ ಎಂದು ಹುದ್ದೆ ಸೇರಿಸಿ ಕರೆಯಬೇಕು, ಮೇಲಿನವರಿಗೆ ಗೌರವದ ‘ನಿಮ್’ ಹಚ್ಚಬೇಕು. ಬರೀ ‘ಕಿಮ್-ಶಿ’ ಎಂದರೆ ಕೂಲಿಯಾಳನ್ನು ಕರೆದಂತೆ. ಉಳಿದದ್ದು ಸ್ವಂತ ಹೆಸರಿಗೆ ಹೋಯಿತು. ಯಂಗ್-ಜಾ, ಸುನ್-ಜಾ ಎಂದರೆ ಜಪಾನಿ ಕಾಲದ ನೆರಳಿನಲ್ಲಿ ಹುಟ್ಟಿದ ಅಜ್ಜಿ. ಮಲ್-ಜಾ ಎಂದರೆ ಹೆಣ್ಣು ಸಾಕು, ಇದೇ ಕೊನೆಯದಾಗಲಿ ಎಂದು ಬೇಡಿ ಇಟ್ಟ ಹೆಸರು. ಕರ್ನಾಟಕದ ಹಳ್ಳಿಗಳ ಸಾಕಮ್ಮಂದಿರಿಗೆ ಇದನ್ನು ವಿವರಿಸಬೇಕಿಲ್ಲ. ಚೊ ನಾಮ್-ಜೂ ತಮ್ಮ 2016ರ ಕಾದಂಬರಿಯ ನಾಯಕಿಗೆ ಕಿಮ್ ಜಿ-ಯಂಗ್ ಎಂದು ಹೆಸರಿಟ್ಟದ್ದು ಆ ಪೀಳಿಗೆಯಲ್ಲಿ ಬೀದಿಗೊಬ್ಬಳು ಜಿ-ಯಂಗ್ ಇದ್ದದ್ದರಿಂದ. 2005ರಲ್ಲಿ ಮನೆಮಾತಾದ ಧಾರಾವಾಹಿಯ ಕಿಮ್ ಸಾಮ್-ಸುನ್ ತನ್ನ ಹಳ್ಳಿಗಾಡಿನ ಹೆಸರು ಬದಲಿಸಲು ಒದ್ದಾಡುತ್ತಾಳೆ. ಅದೇ ವರ್ಷ ಅಲ್ಲಿನ ಸುಪ್ರೀಂ ಕೋರ್ಟು ದುರುದ್ದೇಶವಿಲ್ಲದಿದ್ದರೆ ಹೆಸರು ಬದಲಾವಣೆಗೆ ಅನುಮತಿ ಕೊಡಬೇಕೆಂದು ಹೇಳಿತು. ಅವಳಿಗೆ ಕಿರಿಕಿರಿಯಾದದ್ದು ಸಾಮ್-ಸುನ್ ಎಂಬುದರಿಂದ. ಕಿಮ್‌ನಿಂದ ಯಾರಿಗೂ ಏನೂ ಆಗುವುದಿಲ್ಲ.

ಹೊರಗಿನವರು ಒಳಬರುವುದು ನಿಂತಿಲ್ಲ, ಎಂದೂ ನಿಂತಿರಲಿಲ್ಲ. 1592ರ ದಂಡಯಾತ್ರೆಯಲ್ಲಿ ಬಂದು ಕೊರಿಯದ ಕಡೆ ಸೇರಿದ ಜಪಾನಿ ಯೋಧನೊಬ್ಬನಿಗೆ ದೊರೆ ಕಿಮ್ ಚುಂಗ್-ಸೊನ್ ಎಂದು ಹೆಸರು ಕೊಟ್ಟ. ಡೇಗು ಬಳಿಯ ಹಳ್ಳಿಯಲ್ಲಿ ಅವನ ಸಂತತಿ ಈಗಲೂ ಇದೆ, ಅವರೂ ಒಂದು ಬಗೆಯ ಗಿಮ್‌ಹೆ ಕಿಮ್‌ಗಳೇ. ಜರ್ಮನಿಯಲ್ಲಿ ಹುಟ್ಟಿ ಕೊರಿಯದ ಪೌರನಾಗಿ 2009ರಲ್ಲಿ ಅಲ್ಲಿನ ಪ್ರವಾಸೋದ್ಯಮ ನಿಗಮದ ಮುಖ್ಯಸ್ಥನಾದ ಲೀ ಚಾಮ್‌ನ ಬೊನ್‌ಗ್ವಾನ್ ಜರ್ಮನಿ. 2015ರ ಜನಗಣತಿ ಒಟ್ಟು 5,582 ಅಡ್ಡಹೆಸರುಗಳನ್ನು ಎಣಿಸಿತು. ಅದರಲ್ಲಿ ನಾಲ್ಕು ಸಾವಿರಕ್ಕೂ ಹೆಚ್ಚಿನವಕ್ಕೆ ಚೀನೀ ಅಕ್ಷರವೇ ಇಲ್ಲ, ವಲಸೆ ಬಂದು ಪೌರರಾದವರು ತಂದವು. ಅವರಲ್ಲಿ ಬಹಳ ಮಂದಿ ಆಮೇಲೆ ಕುಟುಂಬ ನ್ಯಾಯಾಲಯಕ್ಕೆ ಅರ್ಜಿ ಹಾಕಿ ಕೊರಿಯನ್ ಅಡ್ಡಹೆಸರು, ಬೊನ್‌ಗ್ವಾನ್ ಪಡೆಯುತ್ತಾರೆ; ಕಿಮ್ ಎಂದೂ ಆಗುತ್ತಾರೆ. ವಿಯೆಟ್ನಾಮಿನಿಂದ ಬಂದ ಸೊಸೆಯೊಬ್ಬಳು ಕಿಮ್ ಆದಾಗ ಅದು ನಿಜವಾದ ಕಿಮ್ ಅಲ್ಲ ಎಂದು ಮೂಗು ಮುರಿಯುವವರಿದ್ದಾರೆ. 1909ರಲ್ಲಿ ನೋಂದಣಿ ಗುಮಾಸ್ತನ ಮುಂದೆ ನಿಂತ ಆಳುಮಗ ಮಾಡಿದ್ದೂ ಇದನ್ನೇ. ಅವನ ಮರಿಮಕ್ಕಳ ಹತ್ತಿರ ಜೋಕ್‌ಬೊ ಇದೆ, ಇವಳ ಹತ್ತಿರ ಕೋರ್ಟಿನ ಆದೇಶ ಇದೆ. ಎರಡರಲ್ಲಿ ನಂಬಬಹುದಾದ ಕಾಗದ ಇವಳದು.